ಪದ ಪರಿಚಯ: ಉತಾರ

ಹೆದ್ದಾರಿಗೆ ಹೋದ ಹೊಲದ ಪರಿಹಾರದ ಮಾತು ಬಂದಾಗಲೆಲ್ಲ ‘ಮಾಲೀಕತ್ವದ ಉತಾರ’ ಎಂಬ ಜೋಡಿಪದ ಕಣ್ಣಿಗೆ ಚುಚ್ಚುತ್ತದೆ. ಬೆಂಗಳೂರಿನ ಕಡೆಯವರು ಪಹಣಿ ಎನ್ನುವ ಹೊಲದ ದಾಖಲೆಯನ್ನು ನಾವು ಉತಾರ ಎನ್ನುತ್ತೇವೆ, ಇದನ್ನು ಧಾರವಾಡ, ಗದಗ, ಹಾವೇರಿಯವರಿಗೆ ಹೇಳಿಕೊಡಬೇಕಿಲ್ಲ. ಹೇಳಿಕೊಡಬೇಕಾದದ್ದು, ಅದು ಮಾಲೀಕತ್ವದ ಪತ್ರವಲ್ಲ ಎಂಬುದನ್ನು. ಖರೀದಿ ಪತ್ರವನ್ನು ಟ್ರಂಕಿನ ತಳದಲ್ಲಿ ಮರೆತು, ಉತಾರವನ್ನು ಮಾತ್ರ ಪ್ಲಾಸ್ಟಿಕ್ ಕವರಿನಲ್ಲಿಟ್ಟು ಕಾಪಾಡುವ ಊರು ನಮ್ಮದು.

ಪದ ಮರಾಠಿಯದು, ಮುಂಬೈ ಪ್ರಾಂತ್ಯದ ಆಡಳಿತದೊಂದಿಗೆ ಬಂದದ್ದು. ‘ಉತರಣೆ’ ಎಂದರೆ ಇಳಿಯುವುದು. ‘ಉತಾರಾ’ ಎಂದರೆ ಒಂದು ಕಡೆಯಿಂದ ಇನ್ನೊಂದು ಕಡೆಗೆ ಇಳಿಸಿಕೊಂಡ ಬರಹ, ಅಂದರೆ ನಕಲು. ಮರಾಠಿ ಶಾಲೆಯ ಪ್ರಶ್ನೆಪತ್ರಿಕೆಯಲ್ಲಿ ‘ಉತಾರಾ ಓದಿ ಉತ್ತರಿಸಿ’ ಎಂದಿದ್ದರೆ ಅದು ಪಾಠದಿಂದ ಎತ್ತಿಕೊಟ್ಟ ಗದ್ಯಭಾಗ. ದೃಷ್ಟಿ ತೆಗೆದು ಇಳಿಸಿಡುವುದಕ್ಕೂ ಅಲ್ಲಿ ಇದೇ ಹೆಸರು. ನಮ್ಮ ಕೆಲವು ಉತಾರಗಳಿಗೆ ಆ ಅರ್ಥವೇ ಹೆಚ್ಚು ಒಪ್ಪುತ್ತದೆ. ಗ್ರಾಮಲೆಕ್ಕದ ಏಳನೆಯ ಮತ್ತು ಹನ್ನೆರಡನೆಯ ನಮೂನೆಗಳ ನಕಲು ‘ಸಾತ್‌ಬಾರಾ ಉತಾರಾ’. ಪಹಣಿಯೂ ಅದೇ ನೆಲದ್ದು: ‘ಪಾಹಣೆ’ ಎಂದರೆ ನೋಡುವುದು, ಹೊಲಕ್ಕೆ ಹೋಗಿ ಪೀಕು ನೋಡಿ ಬರೆದದ್ದು ಪಹಣಿ. ಒಂದು ನೋಡಿದ್ದು, ಇನ್ನೊಂದು ನೋಡಿ ಬರೆದದ್ದರ ನಕಲು. ಒಡೆತನದ ಸುಳಿವು ಎರಡರಲ್ಲೂ ಇಲ್ಲ.

ಉತಾರದ ಒಂಬತ್ತನೆಯ ಕಾಲಮಿನ ತಲೆಬರಹವನ್ನಾದರೂ ಓದಬಾರದೇ? ಅಲ್ಲಿರುವುದು ‘ಸ್ವಾಧೀನದಾರ’. ಹಳೆಯ ಉತಾರದಲ್ಲಿ ‘ಕಬ್ಜೆದಾರ’. ಕಬ್ಜಾ ಎಂದರೆ ಹಿಡಿತ. ಹೊಲ ಯಾರ ಹಿಡಿತದಲ್ಲಿದೆ, ಕಂದಾಯಕ್ಕೆ ಯಾರನ್ನು ಕೇಳಬೇಕು ಎಂಬುದು ಸರಕಾರಕ್ಕೆ ಬೇಕಿತ್ತು, ಬರೆದುಕೊಂಡಿತು. ಸಾಲದ್ದಕ್ಕೆ ಈಗ ನೋಟಿಸಿನ ಮೇಲ್ತುದಿಯಲ್ಲಿ ‘ಭೂಸ್ವಾಧೀನ’, ಕೆಳಗಿನ ಪಟ್ಟಿಯಲ್ಲಿ ‘ಸ್ವಾಧೀನದಾರ’. ಮೊದಲನೆಯದು ಸರಕಾರ ಕಾನೂನಿನ ಬಲದಿಂದ ತೆಗೆದುಕೊಳ್ಳುವುದು, ಎರಡನೆಯದು ಹೊಲ ಹಿಡಿದಿರುವವನು. ಒಂದೇ ಮಾತಿಗೆ ಎರಡು ಹೊರೆ ಹೊರಿಸಿ, ರೈತನಿಗೆ ಅರ್ಥವಾಗಲಿಲ್ಲ ಎಂದು ದೂರುವವರನ್ನು ಕಂಡರೆ ಸಿಟ್ಟು ಬರುತ್ತದೆ.

ಉತಾರಕ್ಕೆ ಬೆಲೆಯೇ ಇಲ್ಲ ಎನ್ನುವುದೂ ತಪ್ಪು. ಕರ್ನಾಟಕ ಭೂಕಂದಾಯ ಕಾಯ್ದೆ, 1964ರ 133ನೆಯ ಕಲಮಿನ ಪ್ರಕಾರ ಬೇರೆ ರೀತಿ ರುಜುವಾತಾಗುವವರೆಗೆ ಅದರಲ್ಲಿನ ನಮೂದು ಸರಿ ಎಂದೇ ಭಾವಿಸಬೇಕು. ಆದರೆ ನಮೂದಿನಿಂದ ಹಕ್ಕು ಹುಟ್ಟುವುದಿಲ್ಲ, ಇದ್ದ ಹಕ್ಕು ಅಳಿಯುವುದೂ ಇಲ್ಲ ಎಂದು ಸುಪ್ರೀಂ ಕೋರ್ಟ್ 1996ರಲ್ಲೇ ಹೇಳಿದೆ, ಆಮೇಲೂ ಹೇಳುತ್ತಲೇ ಬಂದಿದೆ.

ಹುಬ್ಬಳ್ಳಿ–ಗದಗ ರಸ್ತೆಯ ಪಕ್ಕ, ಅಣ್ಣಿಗೇರಿ ಸೀಮೆಯಲ್ಲಿ ಎಂಟು ಎಕರೆ ಪಿತ್ರಾರ್ಜಿತ ಎರಿ (ಕಪ್ಪು ಮಣ್ಣಿನ) ಹೊಲವೊಂದನ್ನು ಊಹಿಸಿಕೊಳ್ಳಿ. ತಂದೆ ತಾಯಿ ಇಲ್ಲ. ಮೂವರು ಗಂಡುಮಕ್ಕಳು, ಇಬ್ಬರು ಹೆಣ್ಣುಮಕ್ಕಳು. ವಾರಸಾ ಮಾಡಿಸುವಾಗ, ಅಂದರೆ ತೀರಿದವರ ಬದಲು ವಾರಸುದಾರರ ಹೆಸರು ಬರೆಸುವಾಗ, ಉತಾರಕ್ಕೆ ಹಿರಿಯನ ಹೆಸರು ಏರಿತು, ‘ಏಕತ್ರ ಕುಟುಂಬದ ಕರ್ತಾ’ (ಒಟ್ಟು ಕುಟುಂಬದ ಯಜಮಾನ) ಎಂಬ ಷರಾದೊಂದಿಗೆ. ಮುಂದೊಮ್ಮೆ ಹೊಸದಾಗಿ ಬರೆಯುವಾಗ ಷರಾ ಉದುರಿತು, ಹೆಸರು ಉಳಿಯಿತು. ಅಣ್ಣತಮ್ಮಂದಿರು ಬಾಯಿಮಾತಿನಲ್ಲೇ ವಾಟ್ನಿ, ಅಂದರೆ ಪಾಲು, ಮಾಡಿಕೊಂಡು ನಡುವೆ ಒಡ್ಡು ಹಾಕಿದರು; ಅಳತೆ ಮಾಡಿಸಿ ದಾಖಲೆಯಲ್ಲೂ ಹೊಲ ಬೇರೆ ಮಾಡುವ ಪೋಡಿ ಮಾಡಿಸಲಿಲ್ಲ. ರಸ್ತೆಗೆ ಹೋದ ಮೂವತ್ತು ಗುಂಟೆ ಅಷ್ಟೂ ಕಿರಿಯನ ಕಡೆಯದು. ಪರಿಹಾರದ ಪಟ್ಟಿಯಲ್ಲಿ ಬಂದ ಹೆಸರು ಹಿರಿಯನದು.

ಹಿರಿಯ ‘ಉತಾರ ನನ್ನದು’ ಎನ್ನುತ್ತಾನೆ. ಕಿರಿಯ ‘ಹೋದ ನೆಲ ನನ್ನದು’ ಎನ್ನುತ್ತಾನೆ. ಪೋಡಿಯಾಗುವ ತನಕ ಮೂರರಲ್ಲೊಂದು ಪಾಲು ತನ್ನದು ಎಂಬುದು ನಡುವಿನವನ ವಾದ. ಅಕ್ಕತಂಗಿಯರು ವಾಟ್ನಿಯನ್ನೇ ಒಪ್ಪುವುದಿಲ್ಲ, ಪಾಲು ಐದು ಎನ್ನುತ್ತಾರೆ. ಹಗುರವಾಗಿ ತೆಗೆದುಕೊಳ್ಳಬಾರದ ವಾದ ಈ ಕೊನೆಯದೇ. 2020ರ ಆಗಸ್ಟ್ 11ರ ತೀರ್ಪಿನಲ್ಲಿ ಸುಪ್ರೀಂ ಕೋರ್ಟ್, ಪಿತ್ರಾರ್ಜಿತ ಆಸ್ತಿಯಲ್ಲಿ ಮಗಳಿಗೆ ಹುಟ್ಟಿನಿಂದಲೇ ಮಗನಷ್ಟೇ ಹಕ್ಕು ಎಂದಿತು; ಬಾಯಿಮಾತಿನ ವಾಟ್ನಿಯನ್ನು ಸಾರ್ವಜನಿಕ ದಾಖಲೆಗಳ ಬಲವಿರುವ ಅಪರೂಪದ ಪ್ರಸಂಗದಲ್ಲಿ ಬಿಟ್ಟರೆ ಒಪ್ಪಬಾರದು ಎಂದೂ ಹೇಳಿತು. ‘ಮದುವೆಯಲ್ಲಿ ಬಂಗಾರ ಹಾಕಿ ಕಳಿಸಿದ್ದೇವೆ’ ಎನ್ನುವುದು ಕಟ್ಟೆಯ ಮೇಲೆ ನಡೆಯುವ ಮಾತು, ಕೋರ್ಟಿನಲ್ಲಿ ನಡೆಯುವುದಲ್ಲ.



ಈ ಪಾಲಿನ ಜಗಳವನ್ನು ತೀರ್ಮಾನಿಸುವವರು ಯಾರು? ಊರಿನ ಕಂದಾಯ ನೌಕರನಾದ ತಲಾಠಿಯೂ ಅಲ್ಲ, ತಹಶೀಲ್ದಾರರೂ ಅಲ್ಲ. ರಾಷ್ಟ್ರೀಯ ಹೆದ್ದಾರಿ ಕಾಯ್ದೆ, 1956ರಲ್ಲಿ 3ಡಿ ಕಲಮಿನ ಸ್ವಾಧೀನ ಘೋಷಣೆ ಪ್ರಕಟವಾದೊಡನೆ ಜಮೀನು ಎಲ್ಲ ಋಣಗಳಿಂದ ಮುಕ್ತವಾಗಿ ಕೇಂದ್ರ ಸರಕಾರಕ್ಕೆ ಸೇರುತ್ತದೆ. ಆಮೇಲಿನ ಜಗಳ ಹಣದ್ದು, ನೆಲದ್ದಲ್ಲ. ‘ಮಾಲೀಕತ್ವದ ವಿವಾದದಿಂದ ಕಾಮಗಾರಿ ನಿಂತಿದೆ’ ಎನ್ನುವವರು ಇದನ್ನು ಗಮನಿಸಬೇಕು. ಪರಿಹಾರದ ಮೊತ್ತ ಕಡಿಮೆಯಾಯಿತು ಎಂದರೆ 3ಜಿ(5)ರಂತೆ ಮಧ್ಯಸ್ಥಗಾರರ ಮುಂದೆ ಹೋಗಬೇಕು. ಯಾರಿಗೆ ಎಷ್ಟು ಪಾಲು ಎಂಬ ತಕರಾರು ಎದ್ದರೆ 3ಎಚ್(4)ರಂತೆ ಸಕ್ಷಮ ಪ್ರಾಧಿಕಾರವು, ಅಂದರೆ ಭೂಸ್ವಾಧೀನಾಧಿಕಾರಿ, ಅದನ್ನು ಜಮೀನು ಇರುವ ವ್ಯಾಪ್ತಿಯ ಪ್ರಧಾನ ಸಿವಿಲ್ ನ್ಯಾಯಾಲಯಕ್ಕೆ ಒಪ್ಪಿಸಬೇಕು. ಉತ್ತರ ಪ್ರದೇಶದ ಮವೂ ಜಿಲ್ಲೆಯ ಪ್ರಕರಣವೊಂದರಲ್ಲಿ 2023ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಇದನ್ನು ಸ್ಪಷ್ಟಪಡಿಸಿತು: ಪಾಲಿನ ತಕರಾರನ್ನು ಪ್ರಾಧಿಕಾರ ತಾನೇ ಬಗೆಹರಿಸುವಂತಿಲ್ಲ. ಮೊತ್ತದ ಅರ್ಜಿ ಒಂದು ಕಡೆ, ಪಾಲಿನ ಅರ್ಜಿ ಇನ್ನೊಂದು ಕಡೆ. ಎರಡನ್ನೂ ಒಂದೇ ಕಾಗದದಲ್ಲಿ ಬರೆದು ಮಧ್ಯಸ್ಥಗಾರರಿಗೆ ಕೊಟ್ಟರೆ ವರ್ಷಗಳು ಕಳೆದರೂ ಪಾಲಿನ ಮಾತು ಇದ್ದಲ್ಲೇ ಇರುತ್ತದೆ.

ತಕರಾರು ಏಳುವುದು ಎಂದರೆ ಮನೆಯೊಳಗೆ ಕೂಗಾಡುವುದಲ್ಲ. ಹಣ ಬಟವಾಡೆ ಆಗುವ ಮೊದಲೇ ಭೂಸ್ವಾಧೀನಾಧಿಕಾರಿಯ ಕಚೇರಿಗೆ ಲಿಖಿತ ಅರ್ಜಿ ಕೊಟ್ಟು, ಆವಕ ಸಂಖ್ಯೆ ಹಾಕಿಸಿಕೊಂಡ ಪ್ರತಿಯನ್ನು ಇಟ್ಟುಕೊಳ್ಳಬೇಕು. ಅರ್ಜಿಯಲ್ಲಿ 3ಎಚ್(4) ಎಂದು ನಮೂದಿಸಬೇಕು. ಹಕ್ಕು ಕೇಳುವವರು ಬರಲಿ ಎಂದು ಎರಡು ಸ್ಥಳೀಯ ಪತ್ರಿಕೆಗಳಲ್ಲಿ, ಅದರಲ್ಲೊಂದು ಸ್ಥಳೀಯ ಭಾಷೆಯದಾಗಿ, ಪ್ರಕಟಣೆ ಕೊಡಬೇಕೆಂದು 3ಜಿ(3) ಹೇಳುತ್ತದೆ. ಸರ್ವೆ ನಂಬರುಗಳನ್ನು ಇರುವೆಯ ಸಾಲಿನಂತೆ ಜೋಡಿಸಿದ ಆ ಪ್ರಕಟಣೆಯನ್ನು ರಾಣೆಬೆನ್ನೂರಿಗೆ ಮದುವೆಯಾಗಿ ಹೋದ ಅಕ್ಕ ನೋಡುತ್ತಾಳೆಂದು ಕಾನೂನು ನಂಬಿಕೊಂಡಿದೆ. ಆಕೆ ನೋಡದಿದ್ದರೆ ಹಣ ಉತಾರದ ಹೆಸರಿಗೆ ಹೋಗುತ್ತದೆ, ಆಮೇಲೆ ಆಕೆ ದಾವೆ ಹೂಡಬೇಕಾದದ್ದು ಅಣ್ಣನ ಮೇಲೆ.