ನೊರೆ ಎಬ್ಬಿಸಿದರೆ ಎಣ್ಣೆ ಹೋಗುವುದಿಲ್ಲ

ಮೂಡಿಗೆರೆ ಕಡೆ ಫೆಬ್ರವರಿ, ಮಾರ್ಚ್ ಬಂದರೆ ಕಾಫಿ ಹೂವಿಗೆ ನೀರು ಹಾರಿಸುವ ಗಡಿಬಿಡಿ. ಹೋದ ವರ್ಷ ನಮ್ಮ ತೋಟದ ಕೆರೆ ದಂಡೆಯಲ್ಲಿ ಪಂಪಿನ ಡೀಸೆಲ್ ಕ್ಯಾನ್ ಉರುಳಿತು. ನೋಡನೋಡುತ್ತಿದ್ದಂತೆ ಅರ್ಧ ಕೆರೆಯ ಮೇಲೆ ಕಾಮನಬಿಲ್ಲಿನ ಬಣ್ಣ. ನಾನು ಸೋಪಿನ ಪುಡಿ ಕಲಸಲು ಹೊರಟೆ. ಚಿಕ್ಕಪ್ಪ ತಡೆದರು. 'ಬೇಡ ಕಣೋ, ಕಣ್ಣಿಗೆ ಕಾಣಲ್ಲ ಅಷ್ಟೆ. ನೀರಲ್ಲೇ ಇರುತ್ತೆ.' ಕೋಡಿಗೆ ಅಡ್ಡಲಾಗಿ ಬಿದಿರಿನ ಗಳ ತೇಲಿಬಿಟ್ಟು ಕಟ್ಟಿ, ಎಣ್ಣೆ ಹೀರಲಿ ಎಂದು ಭತ್ತದ ಹುಲ್ಲು ಹರಡಿದರು.

ಇದೇ ಪಾಠವನ್ನು ಬ್ರಿಟನ್ 1967ರಲ್ಲಿ ಕಲಿತಿತ್ತು. ಕಾರ್ನ್‌ವಾಲ್ ಬಳಿ ಟೊರಿ ಕ್ಯಾನ್ಯನ್ ಹಡಗು ಬಂಡೆಗೆ ಬಡಿದು, ಲಕ್ಷ ಟನ್‌ಗೂ ಜಾಸ್ತಿ ಕಚ್ಚಾ ತೈಲ ಸಮುದ್ರಕ್ಕೆ ಹೋಯಿತು. ಅದರ ಮೇಲೆ ಸುಮಾರು 10,000 ಟನ್ ಡಿಟರ್ಜೆಂಟ್ ಸುರಿದರು. ಬಂಡೆಯ ಮೇಲಿನ ಪಾಚಿ ತಿಂದು ಬದುಕುವ ಚಿಪ್ಪುಜೀವಿಗಳು ಎಣ್ಣೆಗಿಂತ ಆ ಡಿಟರ್ಜೆಂಟಿಗೇ ಹೆಚ್ಚು ಸತ್ತವು. ಸಿಂಪಡಿಸದೆ ಬಿಟ್ಟ ದಡ ಎರಡು ಮೂರು ವರ್ಷದಲ್ಲಿ ಚೇತರಿಸಿಕೊಂಡಿತು. ಜಾಸ್ತಿ ಸಿಂಪಡಿಸಿದ ಕಡೆ ಹತ್ತು ವರ್ಷವೂ ಸಾಲಲಿಲ್ಲ.

1969ರಲ್ಲಿ ಅಮೆರಿಕದ ಸಾಂತಾ ಬಾರ್ಬರಾದಲ್ಲಿ ಎಣ್ಣೆ ಬಾವಿ ಸಿಡಿದಾಗ ಅಲ್ಲೂ ಹುಲ್ಲು ಹಾಕಿದರು. ಆದರೆ ಹುಲ್ಲು ನೀರನ್ನೂ ಕುಡಿಯುತ್ತದೆ, ತಡಮಾಡಿದರೆ ಮುಳುಗುತ್ತದೆ. ಅದಕ್ಕೇ ಈಗ ನೀರು ಹೀರದೆ ಎಣ್ಣೆ ಮಾತ್ರ ಹಿಡಿಯುವ ಪಾಲಿಪ್ರೊಪಿಲೀನ್ ಎಂಬ ಪ್ಲಾಸ್ಟಿಕ್ಕಿನ ಹಾಳೆಗಳು ಬಂದಿವೆ.

1974ರಲ್ಲಿ ನ್ಯೂಜೆರ್ಸಿಯಲ್ಲಿ ಓಮ್‌ಸೆಟ್ ಎಂಬ 203 ಮೀಟರ್ ಉದ್ದದ ತೊಟ್ಟಿ ಶುರುವಾಯಿತು. ಅಲೆ ಎಬ್ಬಿಸಿ, ನಿಜವಾದ ಎಣ್ಣೆ ಸುರಿದು, ಅದನ್ನು ನೀರಿನಿಂದ ತೆಗೆಯುವ ಯಂತ್ರಗಳನ್ನು ಪರೀಕ್ಷಿಸುವ ಜಾಗ ಅದು. 2010ರಲ್ಲಿ ಮೆಕ್ಸಿಕೋ ಕೊಲ್ಲಿಯಲ್ಲಿ ಬಾವಿ ಸಿಡಿದು 87 ದಿನ ಎಣ್ಣೆ ಉಕ್ಕಿತು. ಆಗಲೂ ಎಣ್ಣೆ ಚದುರಿಸುವ ರಾಸಾಯನಿಕ ಸುಮಾರು 70 ಲಕ್ಷ ಲೀಟರ್ ಬಳಸಿದರು. ಮರುವರ್ಷ ಓಮ್‌ಸೆಟ್‌ನಲ್ಲಿ ನಡೆದ ಸ್ಪರ್ಧೆಯಲ್ಲಿ ಗೆದ್ದದ್ದು ಗೀರುಗಳಿರುವ ತಿರುಗುವ ತಟ್ಟೆಗಳು. ಎಣ್ಣೆ ಗೀರಿಗೆ ಅಂಟುತ್ತದೆ, ಪಕ್ಕದ ಪಟ್ಟಿ ಅದನ್ನು ಕೆರೆದು ತೆಗೆಯುತ್ತದೆ. ನಿಮಿಷಕ್ಕೆ 17,600 ಲೀಟರಿಗೂ ಜಾಸ್ತಿ! ಆದರೆ 2017ರಲ್ಲಿ ಚೆನ್ನೈನ ಎಣ್ಣೂರಿನಲ್ಲಿ ಎರಡು ಹಡಗು ಡಿಕ್ಕಿಯಾದಾಗ ನಮ್ಮ ಜನ ಬಕೆಟ್ ಹಿಡಿದು ಕೈಯಲ್ಲೇ ತೋಡಿದರು.

ಸಮುದ್ರದ ಸಂಗತಿ ಹಾಸನದವರಿಗೆ ಯಾಕೆ ಅನ್ನಬೇಡಿ. ಮಂಗಳೂರಿನಿಂದ ಶಿರಾಡಿ ಘಾಟ್ ಹತ್ತುವ ಟ್ಯಾಂಕರುಗಳ ಪಕ್ಕದಲ್ಲೇ ಕೆಂಪುಹೊಳೆ ಇದೆ. ಮಂಗಳೂರು–ಹಾಸನ–ಬೆಂಗಳೂರು ತೈಲ ಪೈಪ್‌ಲೈನ್ ಕೂಡ ಘಟ್ಟ ದಾಟಿಯೇ ಬರುತ್ತದೆ. ಎಣ್ಣೆ ತಡೆಯುವ ತೇಲುಬೇಲಿಗೆ ಒಂದು ಮಿತಿ ಇದೆ. ನೀರು ಸೆಕೆಂಡಿಗೆ ಸುಮಾರು 35 ಸೆಂಟಿಮೀಟರ್ ಮೀರಿ ಹರಿದು ಬೇಲಿಗೆ ನೇರವಾಗಿ ಬಡಿದರೆ ಎಣ್ಣೆ ಅಡಿಯಿಂದ ನುಸುಳುತ್ತದೆ. ಜುಲೈ ತಿಂಗಳ ಹೊಳೆ ಇದಕ್ಕಿಂತ ಎಷ್ಟೋ ಜೋರು, ಅಲ್ವಾ? ಹಾಗಾಗಿ ಬೇಲಿಯನ್ನು ಓರೆಯಾಗಿ ಹಾಕಿ, ಎಣ್ಣೆಯನ್ನು ನೀರು ನಿಧಾನವಾಗಿರುವ ದಡಕ್ಕೆ ತಿರುಗಿಸಬೇಕು. ಎಲ್ಲಿ ಹಗ್ಗ ಕಟ್ಟಬೇಕು, ಯಾವ ದಡಕ್ಕೆ ಲಾರಿ ಇಳಿಯುತ್ತದೆ, ಇದನ್ನೆಲ್ಲ ಬೇಸಿಗೆಯಲ್ಲೇ ನೋಡಿಟ್ಟಿರಬೇಕು.

ನಮ್ಮ ಕೆರೆಯ ಹುಲ್ಲನ್ನು ಸಂಜೆಯೊಳಗೆ ಎತ್ತಿ ಡ್ರಮ್ಮಿಗೆ ತುಂಬಿದೆವು. ಅದನ್ನು ಎಲ್ಲಿಗೆ ಕೊಡಬೇಕೆಂದು ಕೇಳಿದರೆ ಯಾರ ಬಳಿಯೂ ಉತ್ತರ ಸಿಗಲಿಲ್ಲ. ಡ್ರಮ್ ಇನ್ನೂ ಗೋದಾಮಿನ ಹಿಂದೆಯೇ ಇದೆ.