ಕೀ ತಿರುಗಿಸಿದರೆ ನಾಲ್ಕು ಬೀಪ್, ಸ್ಕೂಟರ್ ಕದಲುವುದಿಲ್ಲ: ಕಂಟ್ರೋಲರ್ ಬದಲಿಸಲೇಬೇಕೇ?

ಓದುಗರ ಪ್ರಶ್ನೆ: ಅಪ್ಪನಿಗೆ ಮಂಡಿ ನೋವು, ಹೆಚ್ಚು ನಡೆಯಲಾಗುವುದಿಲ್ಲ. ಅಪಾರ್ಟ್‌ಮೆಂಟ್ ಒಳಗೆ ಓಡಾಡಲು ನಾಲ್ಕು ಚಕ್ರದ ಮೊಬಿಲಿಟಿ ಸ್ಕೂಟರ್ ಕೊಡಿಸಿದ್ದೇವೆ. ಎರಡು ದಿನದಿಂದ ಕೀ ತಿರುಗಿಸಿದ ಕೂಡಲೇ ನಾಲ್ಕು ಸಲ ಬೀಪ್ ಅನ್ನುತ್ತದೆ, ಸ್ವಲ್ಪ ಬಿಟ್ಟು ಮತ್ತೆ ನಾಲ್ಕು. ವೇಗದ ಲಿವರ್ ಒತ್ತಿದರೆ ಕದಲುವುದೇ ಇಲ್ಲ. ಬ್ಯಾಟರಿ ಮುಳ್ಳು ಹಸಿರಿನಲ್ಲೇ ಇದೆ. ರಿಪೇರಿಯವರು ಕಂಟ್ರೋಲರ್ ಹೋಗಿದೆ, ಹೊಸದು ಹಾಕಬೇಕು ಅನ್ನುತ್ತಾರೆ. ನಿಜವೇ?

ಉತ್ತರ: ಇಷ್ಟು ಬೇಗ ಒಪ್ಪಿಕೊಳ್ಳಬೇಡಿ. ಕಂಟ್ರೋಲರ್ ಎಂದರೆ ಮೋಟಾರಿಗೆ ಕರೆಂಟು ಬಿಡುವ, ತಡೆಯುವ ಎಲೆಕ್ಟ್ರಾನಿಕ್ ಡಬ್ಬಿ. ಲೆಕ್ಕ ಹಿಡಿದು ಬೀಪ್ ಮಾಡುತ್ತಿದೆ ಎಂದರೆ ಕಂಟ್ರೋಲರ್ ಇನ್ನೂ ಕೆಲಸ ಮಾಡುತ್ತಿದೆ. ಕೀ ತಿರುಗಿಸಿದ ಕ್ಷಣ ಅದು ಬ್ಯಾಟರಿ, ಮೋಟಾರ್, ಬ್ರೇಕ್, ಲಿವರ್ ಎಲ್ಲವನ್ನೂ ಒಂದು ಸುತ್ತು ನೋಡಿಕೊಳ್ಳುತ್ತದೆ. ಒಂದರಲ್ಲಿ ಅನುಮಾನ ಬಂದರೂ ಮೋಟಾರಿಗೆ ಕರೆಂಟು ಬಿಡದೆ ಕೂಗಿ ಹೇಳುತ್ತದೆ. ಕಂಟ್ರೋಲರೇ ಕೆಟ್ಟಿದ್ದರೂ ಬೀಪ್ ಬರಬಹುದು, ಆದರೆ ಅದಕ್ಕೆ ಸಾಮಾನ್ಯವಾಗಿ ಬೇರೆ ಸಂಖ್ಯೆ ಇರುತ್ತದೆ.

ಮೊದಲು ಎಣಿಕೆ ಸರಿಯಿದೆಯೇ ಖಚಿತ ಮಾಡಿಕೊಳ್ಳಿ. ಬೀಪ್‌ಗಳ ಗುಂಪು, ನಡುವೆ ಬಿಡುವು, ಮತ್ತೆ ಅದೇ ಗುಂಪು ಎಂಬ ಕ್ರಮದಲ್ಲಿ ಸದ್ದು ಬರುತ್ತದೆ. ಕೀ ಹಾಕಿದಾಗ ಬರುವ ಮೊದಲ ಗುಂಪನ್ನು ಬಿಟ್ಟು ಆಮೇಲಿನ ಮೂರು ಗುಂಪು ಎಣಿಸಿ, ಏಕೆಂದರೆ ಮೊದಲನೆಯದಕ್ಕೆ ಸ್ವಾಗತದ ಬೀಪ್ ಒಂದು ಸೇರಿಕೊಂಡಿರಬಹುದು. ಹ್ಯಾಂಡಲ್ ಮೇಲಿನ ದೀಪವೂ ಅಷ್ಟೇ ಸಲ ಮಿನುಗುತ್ತಿದ್ದರೆ ಅನುಮಾನವೇ ಬೇಡ. ಫೋನಿನಲ್ಲಿ ಅರ್ಧ ನಿಮಿಷದ ವಿಡಿಯೋ ಮಾಡಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಎಲ್ಲರೂ ಎಡವುವ ಜಾಗ ಇಲ್ಲಿದೆ. ಒಂದು ಸ್ಕೂಟರಿನ ನಾಲ್ಕು ಬೀಪ್‌ಗೂ ಇನ್ನೊಂದರ ನಾಲ್ಕು ಬೀಪ್‌ಗೂ ಅರ್ಥ ಒಂದೇ ಅಲ್ಲ. ಸ್ಕೂಟರ್ ಮಾರುವ ಕಂಪನಿ ಒಂದು, ಒಳಗಿನ ಕಂಟ್ರೋಲರ್ ಮಾಡಿದ ಕಂಪನಿ ಮತ್ತೊಂದು. ಈ ಸಂಖ್ಯೆಗಳ ಅರ್ಥ ನಿರ್ಧಾರವಾಗುವುದು ಸಾಮಾನ್ಯವಾಗಿ ಕಂಟ್ರೋಲರಿನಿಂದ. ಹೆಚ್ಚಾಗಿ ಸಿಗುವ ಎರಡನ್ನು ನೋಡಿ. ಪಿಜಿ ಡ್ರೈವ್ಸ್‌ನ ಎಸ್-ಡ್ರೈವ್‌ನಲ್ಲಿ ನಾಲ್ಕು ಎಂದರೆ ಫ್ರೀವೀಲ್ ಲಿವರ್ (ಗಾಡಿಯನ್ನು ತಳ್ಳಲು ಕೈಯಿಂದ ಬ್ರೇಕ್ ಬಿಡಿಸುವ ಹಿಡಿ) ಬಿಚ್ಚಿದ ಸ್ಥಿತಿಯಲ್ಲಿದೆ. ಡೈನಾಮಿಕ್ ಕಂಟ್ರೋಲ್ಸ್‌ನ ರೈನೋದಲ್ಲಿ ನಾಲ್ಕು ಎಂದರೆ ಮೋಟಾರ್ ಹೆಚ್ಚು ಹೊತ್ತು ಹೆಚ್ಚು ಕರೆಂಟು ಎಳೆದು ಬಳಲಿದೆ. ಬ್ರೇಕ್ ದೂರು ಅಲ್ಲಿ ಐದಕ್ಕೆ ಬರುತ್ತದೆ. ಎಸ್-ಡ್ರೈವ್‌ನ ಆರು ಚಾರ್ಜರ್ ಸಿಕ್ಕಿಸಿದೆ ಅನ್ನುತ್ತದೆ, ರೈನೋದ ಆರು ವೇಗದ ಲಿವರ್ ಒತ್ತಿಕೊಂಡೇ ಕೀ ಹಾಕಿದ್ದೀರಿ ಅನ್ನುತ್ತದೆ. ಏಳು ಮಾತ್ರ ಎರಡರಲ್ಲೂ ಹ್ಯಾಂಡಲ್ ಮೇಲಿನ ವೇಗದ ಲಿವರಿನ ಕಡೆಯ ದೋಷವನ್ನೇ ತೋರಿಸುತ್ತದೆ. ಹಾಗಾಗಿ ಬೇರೆ ಮಾಡೆಲ್‌ನ ಪಟ್ಟಿ ಹಿಡಿದು ಕೂರಬೇಡಿ. ನಿಮ್ಮ ಸ್ಕೂಟರಿನ ಕೈಪಿಡಿಯ ಕೊನೆಯ ಪುಟಗಳನ್ನು ನೋಡಿ. ಅದು ಸಿಗದಿದ್ದರೆ ಸೀಟು ತೆಗೆದು ಹಿಂದಿನ ಪ್ಲಾಸ್ಟಿಕ್ ಮುಚ್ಚಳ ಎತ್ತಿ, ಕಂಟ್ರೋಲರ್ ಡಬ್ಬಿಯ ಮೇಲಿನ ಸ್ಟಿಕ್ಕರ್ ಓದಿ.

ನಿಮ್ಮ ವಿಷಯದಲ್ಲಿ ಸಂಖ್ಯೆಯಷ್ಟೇ ಮುಖ್ಯವಾದ ಸುಳಿವು ಮತ್ತೊಂದಿದೆ: ಸದ್ದು ಬರುವ ಹೊತ್ತು. ಮೋಟಾರ್ ಬಳಲುವುದು ಓಡುವಾಗ, ಏರು ಹತ್ತುವಾಗ. ರಾತ್ರಿಯಿಡೀ ನಿಂತ ಗಾಡಿ ಬೆಳಿಗ್ಗೆ ಕೀ ತಿರುಗಿಸಿದ ಕ್ಷಣವೇ ಬಳಲಿಕೆಯ ದೂರು ಹೇಳುವುದಿಲ್ಲ. ಆದ್ದರಿಂದ ಮೊದಲ ಅನುಮಾನ ಫ್ರೀವೀಲ್ ಲಿವರಿನ ಮೇಲೆ.

ಈ ಲಿವರ್ ಹಿಂದಿನ ಚಕ್ರದ ಹತ್ತಿರ, ಮೋಟಾರಿನ ಪಕ್ಕ ಇರುತ್ತದೆ. ಕೆಂಪು ಅಥವಾ ಹಳದಿ ಬಣ್ಣದ್ದು ಹೆಚ್ಚು. ಇದರ ಕೆಲಸ ಗೊತ್ತಾದರೆ ಬೀಪ್ ಏಕೆ ಎಂಬುದೂ ಗೊತ್ತಾಗುತ್ತದೆ. ಮೊಬಿಲಿಟಿ ಸ್ಕೂಟರಿನ ಬ್ರೇಕ್ ನಮ್ಮ ಬೈಕಿನ ಬ್ರೇಕಿಗೆ ತಿರುವುಮುರುವು. ಸ್ಪ್ರಿಂಗ್ ಅದನ್ನು ಸದಾ ಹಿಡಿದಿರುತ್ತದೆ, ಕರೆಂಟು ಬಂದಾಗ ಮಾತ್ರ ವಿದ್ಯುತ್ಕಾಂತ ಎಳೆದು ಬಿಡಿಸುತ್ತದೆ. ಬ್ಯಾಟರಿ ಮುಗಿದರೂ ವೈರ್ ಕಿತ್ತರೂ ಗಾಡಿ ತಾನಾಗಿ ನಿಲ್ಲಲಿ ಎಂದೇ ಹೀಗೆ ಮಾಡಿದ್ದಾರೆ. ಆದರೆ ಕೆಟ್ಟ ಗಾಡಿಯನ್ನು ತಳ್ಳಿಕೊಂಡು ಹೋಗಬೇಕಲ್ಲ, ಅದಕ್ಕೆ ಈ ಲಿವರ್. ಎಳೆದರೆ ಬ್ರೇಕ್ ಕೈಯಿಂದಲೇ ಬಿಚ್ಚಿಕೊಳ್ಳುತ್ತದೆ. ಜೊತೆಗೆ ಬಟಾಣಿ ಕಾಳಿನಷ್ಟು ಚಿಕ್ಕ ಗುಂಡಿಯ ಮೈಕ್ರೋಸ್ವಿಚ್ ಒಂದು ಈ ಸುದ್ದಿಯನ್ನು ಕಂಟ್ರೋಲರಿಗೆ ಮುಟ್ಟಿಸುತ್ತದೆ. ವಾಚ್‌ಮನ್ ಕಾರಿಗೆ ದಾರಿ ಮಾಡಲು ಸ್ಕೂಟರನ್ನು ಪಕ್ಕಕ್ಕೆ ತಳ್ಳಿರಬಹುದು, ಕಸ ಗುಡಿಸುವವರು ಸರಿಸಿರಬಹುದು. ಲಿವರ್ ಹಾಗೇ ಉಳಿದಿರುತ್ತದೆ. ಒಮ್ಮೆ ಕೇಳಿ ನೋಡಿ.

ಸರಿಪಡಿಸುವ ಕ್ರಮಕ್ಕೆ ಮಹತ್ವ ಇದೆ. ಅಪ್ಪ ಗಾಡಿಯ ಮೇಲೆ ಕೂತಿರಬಾರದು, ಗಾಡಿ ಸಮತಟ್ಟಾದ ನೆಲದ ಮೇಲಿರಬೇಕು. ಕೀ ತೆಗೆಯಿರಿ. ಲಿವರನ್ನು ಓಡಿಸುವ ಸ್ಥಾನಕ್ಕೆ ಪೂರ್ತಿ ತಳ್ಳಿ. ಈಗ ಗಾಡಿಯನ್ನು ಕೈಯಿಂದ ಹಿಂದಕ್ಕೂ ಮುಂದಕ್ಕೂ ಅಲುಗಿಸಿ. ಚಕ್ರ ಉರುಳದೆ ಗಟ್ಟಿಯಾಗಿ ನಿಲ್ಲಬೇಕು. ಉರುಳಿದರೆ ಲಿವರ್ ಪೂರ್ತಿ ಕೂತಿಲ್ಲ. ಗಾಡಿ ಕದಲದೆ ನಿಂತ ಮೇಲೆ ಐದು ಸೆಕೆಂಡು ಬಿಟ್ಟು ಕೀ ಹಾಕಿ. ಹಲವರು ಕೀ ಹಾಕಿಕೊಂಡೇ ಲಿವರ್ ಸರಿಸುತ್ತಾರೆ, ಬೀಪ್ ನಿಲ್ಲದಿದ್ದಾಗ ಇದಲ್ಲ ಕಾರಣ ಎಂದುಕೊಳ್ಳುತ್ತಾರೆ. ಒಮ್ಮೆ ದಾಖಲಾದ ದೋಷ ಎಷ್ಟೋ ಕಂಟ್ರೋಲರ್‌ಗಳಲ್ಲಿ ಕೀ ತೆಗೆದು ಹಾಕುವವರೆಗೂ ಅಳಿಯುವುದಿಲ್ಲ.

ಇಷ್ಟಾದರೂ ಬೀಪ್ ನಿಲ್ಲದಿದ್ದರೆ ಲಿವರಿನ ಬುಡದ ಮೈಕ್ರೋಸ್ವಿಚ್ ನೋಡಿಸಿ. ಧೂಳು ಕೂತು ಗುಂಡಿ ಅಂಟಿಕೊಂಡಿರುತ್ತದೆ, ಇಲ್ಲವೇ ಅದರ ಸಣ್ಣ ವೈರ್ ಕಳಚಿರುತ್ತದೆ. ಕಂಟ್ರೋಲರಿಗೆ ಹೋಲಿಸಿದರೆ ಇದು ತೀರಾ ಚಿಕ್ಕ ಕೆಲಸ. ಆದರೆ ಒಂದು ಮಾತನ್ನು ಕೈಮುಗಿದು ಹೇಳುತ್ತೇವೆ: ಸ್ವಿಚ್ಚಿನ ಎರಡು ವೈರ್ ಸೇರಿಸಿ ಬೀಪ್ ನಿಲ್ಲಿಸಿಬಿಡುತ್ತೇನೆ ಎಂದು ಯಾರಾದರೂ ಅಂದರೆ ಬಿಡಬೇಡಿ. ಆಮೇಲೆ ಬ್ರೇಕ್ ಬಿಚ್ಚಿದ್ದರೂ ಗಾಡಿ ಓಡುತ್ತದೆ. ಬೇಸ್‌ಮೆಂಟ್ ರ‍್ಯಾಂಪಿನ ನಡುವೆ ಅಪ್ಪ ವೇಗದ ಲಿವರ್ ಬಿಟ್ಟರೆ ಗಾಡಿಯನ್ನು ಹಿಡಿದು ನಿಲ್ಲಿಸಲು ಏನೂ ಇರುವುದಿಲ್ಲ. ಇದೇ ಕಾರಣಕ್ಕೆ ಇಳಿಜಾರಿನಲ್ಲಿ ಫ್ರೀವೀಲ್ ಲಿವರನ್ನು ಎಂದೂ ಮುಟ್ಟಬಾರದು, ಮೇಲೆ ಜನ ಕೂತಿರುವಾಗಲಂತೂ ಬೇಡವೇ ಬೇಡ.

ಬ್ಯಾಟರಿ ಮುಳ್ಳಿನ ಮಾತು

ಮುಳ್ಳು ಹಸಿರಿನಲ್ಲಿದೆ ಎಂದು ಬರೆದಿದ್ದೀರಿ. ನಿಂತ ಗಾಡಿಯ ಮುಳ್ಳನ್ನು ಪೂರ್ತಿ ನಂಬಬೇಡಿ. ಇಂಥ ಸ್ಕೂಟರುಗಳಲ್ಲಿ ಹೆಚ್ಚಿನವಕ್ಕೆ 12 ವೋಲ್ಟಿನ ಎರಡು ಸೀಲ್ಡ್ ಲೆಡ್ ಆಸಿಡ್ ಬ್ಯಾಟರಿಗಳನ್ನು ಒಂದರ ಹಿಂದೊಂದು ಜೋಡಿಸಿ 24 ವೋಲ್ಟ್ ಮಾಡಿರುತ್ತಾರೆ. ಬ್ಯಾಟರಿಯ ಸಾಮರ್ಥ್ಯವನ್ನು ಆಂಪಿಯರ್-ಅವರ್‌ನಲ್ಲಿ ಹೇಳುತ್ತಾರೆ: ಮಡಚುವ ಚಿಕ್ಕ ಗಾಡಿಯಲ್ಲಿ 12 ಆಂಪಿಯರ್-ಅವರ್‌ನದು, ದೊಡ್ಡದರಲ್ಲಿ 50 ಅಥವಾ 75ರದು. ಹಳೆಯ ಬ್ಯಾಟರಿ ಸುಮ್ಮನಿದ್ದಾಗ ಒಳ್ಳೆಯ ವೋಲ್ಟೇಜನ್ನೇ ತೋರಿಸುತ್ತದೆ, ಭಾರ ಬಿದ್ದ ಕೂಡಲೇ ಕುಸಿಯುತ್ತದೆ. ಏರು ಹತ್ತುವಾಗ ಮುಳ್ಳು ಕೆಂಪಿಗೆ ಬಿದ್ದು, ನಿಲ್ಲಿಸಿದರೆ ಮತ್ತೆ ಹಸಿರಿಗೆ ಏರುತ್ತಿದ್ದರೆ, ಜೊತೆಗೆ ಒಂದೊಂದೇ ಬೀಪ್ ಬರುತ್ತಿದ್ದರೆ, ಬ್ಯಾಟರಿ ಸೋತಿದೆ ಅಥವಾ ಅದರ ಜೋಡಣೆ ಸಡಿಲವಾಗಿದೆ.

ಮನೆಯಲ್ಲಿ ಮಲ್ಟಿಮೀಟರ್ ಇದ್ದರೆ ರಾತ್ರಿ ಪೂರ್ತಿ ಚಾರ್ಜ್ ಮಾಡಿ, ಚಾರ್ಜರ್ ತೆಗೆದು ಎರಡು ಮೂರು ಗಂಟೆ ಬಿಟ್ಟು ಎರಡೂ ಬ್ಯಾಟರಿಗಳನ್ನು ಬೇರೆ ಬೇರೆಯಾಗಿ ಅಳೆಯಿರಿ. ತಲಾ 12.7ರಿಂದ 12.9 ವೋಲ್ಟ್ ಇದ್ದರೆ ಚಾರ್ಜ್ ತುಂಬಿದೆ. 12.1ರ ಆಸುಪಾಸು ಎಂದರೆ ಉಳಿದಿರುವುದು ಕಾಲು ಭಾಗ. ಒಂದು 12.8, ಇನ್ನೊಂದು 12.2 ಎಂದು ಬಂದರೆ ಎರಡನೆಯದು ಗಾಡಿಯನ್ನು ಹಿಂದಕ್ಕೆ ಎಳೆಯುತ್ತಿದೆ. ಆಗಲೂ ಒಂದನ್ನೇ ಬದಲಿಸಬೇಡಿ. ಹೊಸದು ಹಳೆಯದು ಜೊತೆಯಾದರೆ ಹಳೆಯದು ಬೇಗ ಬರಿದಾಗುತ್ತದೆ, ಹೊಸದಕ್ಕೆ ಚಾರ್ಜ್ ಸರಿಯಾಗಿ ಏರುವುದಿಲ್ಲ. ಒಂದೇ ಜಾತಿಯ, ಒಂದೇ ಸಾಮರ್ಥ್ಯದ ಜೋಡಿಯನ್ನೇ ಹಾಕಿ. ಮೈ ಉಬ್ಬಿದ ಬ್ಯಾಟರಿ ಕಂಡರೆ ಅಳತೆಯೂ ಬೇಡ, ಚಾರ್ಜಿಗೂ ಹಾಕಬೇಡಿ.

ಟರ್ಮಿನಲ್ ಮೇಲೆ ಬಿಳಿ ಪುಡಿಯೋ ಹಸಿರು ಕಿಲುಬೋ ಕೂತಿದೆಯೇ ನೋಡಿ. ಮಂಗಳೂರು, ಉಡುಪಿ ಕಡೆಯ ಉಪ್ಪುಗಾಳಿಯಲ್ಲಿ, ಮಲೆನಾಡಿನ ಮಳೆಗಾಲದಲ್ಲಿ ಇದು ಬೇಗ ಬರುತ್ತದೆ. ಕೀ ತೆಗೆದು, ಬ್ಯಾಟರಿ ಪ್ಲಗ್ ಕಳಚಿ, ಒಣ ಬ್ರಷ್‌ನಿಂದ ಉಜ್ಜಿ, ಬೋಲ್ಟ್ ಬಿಗಿ ಮಾಡಿ, ತೆಳ್ಳಗೆ ವ್ಯಾಸಲೀನ್ ಸವರಿ. ಅದಕ್ಕೂ ಮುಂಚೆ ಕೈಯ ಉಂಗುರ, ಬಳೆ, ವಾಚು ತೆಗೆದಿಡಿ. 24 ವೋಲ್ಟ್ ಶಾಕ್ ಹೊಡೆಯುವುದಿಲ್ಲ, ನಿಜ. ಆದರೆ ಸ್ಪ್ಯಾನರ್ರೋ ಬಳೆಯೋ ಎರಡೂ ಟರ್ಮಿನಲ್‌ಗೆ ಒಟ್ಟಿಗೆ ತಗುಲಿದರೆ ನೂರಾರು ಆಂಪಿಯರ್ ಹರಿದು ಲೋಹ ಕೆಂಡವಾಗುತ್ತದೆ. ಸ್ಪ್ಯಾನರ್ ಹಿಡಿಗೆ ಇನ್ಸುಲೇಷನ್ ಟೇಪ್ ಸುತ್ತಿಕೊಂಡೇ ಕೆಲಸ ಮಾಡಿ.

ಸಡಿಲ ಜೋಡಣೆಯ ಇನ್ನೊಂದು ಮುಖ ಎಸ್-ಡ್ರೈವ್‌ನ ಹತ್ತು ಬೀಪ್, ರೈನೋದ ಮೂರು. ಎರಡೂ ವೋಲ್ಟೇಜ್ ಮಿತಿಮೀರಿದೆ ಅನ್ನುತ್ತವೆ. ಬ್ಯಾಟರಿ ಸೋತ ಗಾಡಿಯಲ್ಲಿ ವೋಲ್ಟೇಜ್ ಹೆಚ್ಚುವುದು ಹೇಗೆ ಎಂದು ಕೇಳುವವರಿದ್ದಾರೆ. ಇಳಿಜಾರಿನಲ್ಲಿ ಚಕ್ರವೇ ಮೋಟಾರನ್ನು ತಿರುಗಿಸುತ್ತದೆ, ಮೋಟಾರ್ ಡೈನಮೋ ಆಗಿ ಕರೆಂಟನ್ನು ಬ್ಯಾಟರಿಗೆ ತಿರುಗಿ ಕಳಿಸುತ್ತದೆ. ಬ್ಯಾಟರಿ ಆಗಲೇ ತುಂಬಿದ್ದರೆ ಅಥವಾ ವೈರ್ ಸಡಿಲವಾಗಿದ್ದರೆ ಆ ಕರೆಂಟಿಗೆ ಹೋಗಲು ಜಾಗವಿಲ್ಲದೆ ವೋಲ್ಟೇಜ್ ಏರುತ್ತದೆ. ಮಡಿಕೇರಿಯಂಥ ಏರಿಳಿತದ ಊರಿನಲ್ಲಿ, ಗುಡ್ಡದ ಮೇಲಿನ ಮನೆಯಿಂದ ಬೆಳಿಗ್ಗೆ ಪೂರ್ತಿ ಚಾರ್ಜಿನೊಂದಿಗೆ ಇಳಿಯುವಾಗ ಹೀಗಾಗಬಹುದು. ವೇಗದ ಗುಂಡಿಯನ್ನು ಆಮೆಯ ಚಿತ್ರದ ಕಡೆ ತಿರುಗಿಸಿ ನಿಧಾನ ಇಳಿಯಿರಿ. ಆಗಲೂ ಬಂದರೆ ಬ್ಯಾಟರಿ ವೈರ್ ನೋಡಿಸಿ.

ಉಳಿದ ಸದ್ದುಗಳು

ಕೀ ಹಾಕುವಾಗ ವೇಗದ ಲಿವರ್ ಮೇಲೆ ಹೆಬ್ಬೆರಳು ಇದ್ದರೂ, ಮುಂದಿನ ಬುಟ್ಟಿಯ ಚೀಲದ ಹಿಡಿ ಲಿವರಿಗೆ ಸಿಕ್ಕಿಕೊಂಡಿದ್ದರೂ ಗಾಡಿ ಕದಲದೆ ಬೀಪ್ ಮಾಡುತ್ತದೆ. ಕೈ ತೆಗೆದು, ಕೀ ಮತ್ತೆ ಹಾಕಿದರೆ ಸಾಕು. ಚಾರ್ಜರ್ ಸಿಕ್ಕಿಸಿದ್ದರೂ ಅಷ್ಟೇ. ಗೋಡೆಯ ಸ್ವಿಚ್ ಆರಿಸಿದರೆ ಸಾಲದು, ಗಾಡಿಯ ತುದಿಯ ಪಿನ್ನನ್ನೇ ಕೀಳಬೇಕು. ಹಿಂದಕ್ಕೆ ಹೋಗುವಾಗ ಮಾತ್ರ ಬರುವ ಬೀಪ್ ದೋಷವಲ್ಲ, ಹಿಂದೆ ಇರುವವರಿಗೆ ಎಚ್ಚರಿಕೆ. ಅಪಾರ್ಟ್‌ಮೆಂಟಿನಲ್ಲಿ ಮಕ್ಕಳು ಆಡುವ ಕಡೆ ಅದನ್ನು ತೆಗೆಸದಿರುವುದೇ ಒಳ್ಳೆಯದು.

ರ‍್ಯಾಂಪ್ ಹತ್ತುವಾಗ ನಿಂತು ಬೀಪ್ ಬಂದರೆ ಕೀ ತೆಗೆದು ಹತ್ತು ಹದಿನೈದು ನಿಮಿಷ ತಣಿಯಲು ಬಿಡಿ. ಎಂಟು ಅಡಿಗೆ ಒಂದು ಅಡಿ ಏರುವ ರ‍್ಯಾಂಪ್ ಎಂದರೆ ಸುಮಾರು 7 ಡಿಗ್ರಿ. ಚಿಕ್ಕ ಗಾಡಿಗಳಿಗೆ ಅದೇ ಮಿತಿ ಆಗಿರಬಹುದು, ಕೈಪಿಡಿಯಲ್ಲಿ ಹೋಲಿಸಿ ನೋಡಿ. ಸಮತಟ್ಟು ನೆಲದಲ್ಲೂ ಹೀಗಾದರೆ ಬ್ರೇಕ್ ಪೂರ್ತಿ ಬಿಡುತ್ತಿಲ್ಲ ಎಂಬ ಅನುಮಾನ ಇರಲಿ. ವೇಗದ ಲಿವರ್ ಮೆಲ್ಲಗೆ ಒತ್ತಿದಾಗ ಹಿಂದಿನಿಂದ ಟಿಕ್ ಎಂಬ ಸದ್ದು ಬರಬೇಕು. ಅದು ಬ್ರೇಕ್ ಬಿಡುವ ಸದ್ದು.

ಅಮೆರಿಕದಿಂದ ಮಗನೋ ಮಗಳೋ ತಂದ ಸ್ಕೂಟರ್ ಆದರೆ ಚಾರ್ಜರಿನ ಲೇಬಲ್ ಓದಿ. 100-240 ವೋಲ್ಟ್ ಎಂದಿದ್ದರೆ ಪ್ಲಗ್ ಅಡಾಪ್ಟರ್ ಸಾಕು. ಬರೀ 110 ಅಥವಾ 115 ಎಂದಿದ್ದರೆ ನಮ್ಮ 230 ವೋಲ್ಟಿಗೆ ನೇರ ಸಿಕ್ಕಿಸಿದ ಕ್ಷಣ ಸುಟ್ಟುಹೋಗುತ್ತದೆ.

ರಿಪೇರಿಯವರನ್ನು ಕರೆಯಲೇಬೇಕಾದವು ಎಸ್-ಡ್ರೈವ್‌ನಲ್ಲಿ ಎರಡು, ಮೂರು, ಎಂಟು, ಒಂಬತ್ತು. ಮೊದಲೆರಡು ಮೋಟಾರ್ ವೈರಿನವು, ಒಂಬತ್ತು ಬ್ರೇಕ್ ವೈರಿನದು, ಎಂಟು ಕಂಟ್ರೋಲರಿನದು. ಸುಟ್ಟ ವಾಸನೆ ಬಂದರೆ ಸಂಖ್ಯೆ ನೋಡದೆ ಬ್ಯಾಟರಿ ಪ್ಲಗ್ ಕಳಚಿಡಿ. ನಿಮ್ಮ ರಿಪೇರಿಯವರಿಗೆ ವಿಡಿಯೋ ಮತ್ತು ಕಂಟ್ರೋಲರ್ ಸ್ಟಿಕ್ಕರಿನ ಫೋಟೋ ತೋರಿಸಿ, ಮೂರು ಪ್ರಶ್ನೆ ಕೇಳಿ: ಈ ಕಂಟ್ರೋಲರಿನಲ್ಲಿ ನಾಲ್ಕಕ್ಕೆ ಅರ್ಥ ಏನು, ಮೈಕ್ರೋಸ್ವಿಚ್ ಅಳೆದಿರಾ, ಬ್ರೇಕ್ ಕಾಯಿಲ್‌ನ (ಬ್ರೇಕ್ ಬಿಡಿಸುವ ವಿದ್ಯುತ್ಕಾಂತದ) ವೈರ್ ನೋಡಿದಿರಾ. ಉತ್ತರ ಸಿಕ್ಕ ಮೇಲೆ ಕಂಟ್ರೋಲರಿಗೆ ದುಡ್ಡು ಕೊಡುವ ಮಾತಾಡಿ.