ಕೂಲರ್ ಹಾಕಿದ ಮೇಲೆ ಕಿಟಕಿ ಮುಚ್ಚಬೇಡಿ

ಮಾರ್ಚ್ ಅರ್ಧ ಕಳೆದರೆ ಸಾಕು, ನನ್ನ ಫೋನಿಗೆ ಒಂದೇ ಥರದ ಕರೆಗಳು ಶುರುವಾಗುತ್ತವೆ. "ಕೂಲರ್ ತಂದು ಹದಿನೈದು ದಿನ ಆಗಿಲ್ಲ, ತಂಪೇ ಬರ್ತಿಲ್ಲ. ಗ್ಯಾಸ್ ಖಾಲಿ ಆಗಿರ್ಬೇಕು, ಬಂದು ತುಂಬಿಸಿಕೊಡಿ." ಕೂಲರಿನಲ್ಲಿ ಗ್ಯಾಸ್ ಇರುವುದಿಲ್ಲ. ಒಂದು ಫ್ಯಾನು, ಒಂದು ಚಿಕ್ಕ ಪಂಪು, ನೀರಿನ ಟ್ಯಾಂಕು, ನೆನೆಯುವ ಪ್ಯಾಡು, ಅಷ್ಟೇ. ಶಿವಮೊಗ್ಗದಲ್ಲಿ ಇಪ್ಪತ್ತು ವರ್ಷಕ್ಕೂ ಮೇಲೆ ಎಸಿ, ಫ್ರಿಜ್, ಕೂಲರ್ ಕೆಲಸ ಮಾಡುತ್ತಿದ್ದೇನೆ. ಹೀಗೆ ಕರೆದ ಮನೆಗಳಲ್ಲಿ ಹೆಚ್ಚಿನ ಕಡೆ ಕೂಲರ್ ಕೆಟ್ಟಿರುವುದಿಲ್ಲ. ಕಿಟಕಿ ಮುಚ್ಚಿರುತ್ತದೆ.

ಹೋದ ಏಪ್ರಿಲ್‌ನಲ್ಲಿ ವಿನೋಬನಗರದ ಒಂದು ಮನೆಗೆ ಹೋಗಿದ್ದೆ. ನಿವೃತ್ತ ಮೇಷ್ಟ್ರು ಮತ್ತು ಅವರ ಹೆಂಡತಿ, ಇಬ್ಬರೇ. ತಾರಸಿ ಮನೆ, ಮೇಲಿನ ಮಹಡಿ. ಮಲಗುವ ಕೋಣೆಯ ಎರಡೂ ಕಿಟಕಿ ಮುಚ್ಚಿ ಪರದೆ ಎಳೆದಿದ್ದರು. ಬಾಗಿಲ ಸಂದಿಗೆ ಹಳೇ ಟವೆಲ್ ತುರುಕಿದ್ದರು. ಒಳಗೆ ದೊಡ್ಡ ಕೂಲರ್ ಜೋರಾಗಿ ತಿರುಗುತ್ತಿತ್ತು. ಕಾಲಿಟ್ಟ ಕೂಡಲೇ ಯಾರೋ ಈಗಷ್ಟೇ ಸ್ನಾನ ಮುಗಿಸಿದ ಬಚ್ಚಲುಮನೆಗೆ ಹೋದ ಹಾಗಾಯಿತು. ಮಂಚದ ಮೇಲಿದ್ದ ಪೇಪರ್ ಮೆತ್ತಗಾಗಿತ್ತು. ಅಮ್ಮ ಕಪಾಟಿನಿಂದ ಒಂದು ರೇಷ್ಮೆ ಸೀರೆ ತಂದು, ಮಡಿಕೆಯಲ್ಲಿ ಬೂಷ್ಟು ಹಿಡಿದಿದ್ದನ್ನು ತೋರಿಸಿದರು. ಮದುವೆಯಲ್ಲಿ ಉಟ್ಟ ಸೀರೆಯಂತೆ. ನನಗೆ ತುಂಬಾ ಬೇಜಾರಾಯಿತು.

ನಾನು ಮಷೀನ್ ಬಿಚ್ಚಲೇ ಇಲ್ಲ. ಕೂಲರಿನ ಬೆನ್ನನ್ನು ಒಂದು ಕಿಟಕಿಗೆ ತಾಗಿಸಿ ಇಟ್ಟೆ. ಆ ಕಿಟಕಿ ತೆರೆದೆ. ಎದುರು ಗೋಡೆಯ ಕಿಟಕಿಯನ್ನೂ ತೆರೆದೆ. ಟವೆಲ್ ಕಿತ್ತು ಹಾಕಿದೆ. ಮೇಷ್ಟ್ರು ಗಾಬರಿಯಾದರು. "ಅಲ್ಲಪ್ಪಾ, ಹೊರಗಿನ ಬಿಸಿಯೆಲ್ಲ ಒಳಗೆ ಬರಲ್ವಾ?" ಆಗ ಮಧ್ಯಾಹ್ನ ಮೂರು ಗಂಟೆ. ಹತ್ತು ನಿಮಿಷ ಕಾಯಿರಿ ಅಂದೆ. ಹತ್ತು ನಿಮಿಷದೊಳಗೆ ಅಮ್ಮನೇ ಬಂದು ಕೂಲರ್ ಎದುರು ಕುರ್ಚಿ ಹಾಕಿಕೊಂಡು ಕೂತರು.

ಈ ಒಂದು ವಿಷಯವನ್ನು ನಿಧಾನಕ್ಕೆ ಹೇಳುತ್ತೇನೆ. ದಯವಿಟ್ಟು ಪೂರ್ತಿ ಓದಿ.

ಎಸಿ ಕೋಣೆಯೊಳಗಿನ ಬಿಸಿಯನ್ನು ಎತ್ತಿ ಹೊರಗೆ ಹಾಕುತ್ತದೆ. ಅದಕ್ಕೆ ಮುಚ್ಚಿದ ಕೋಣೆ ಬೇಕು. ಕೂಲರ್ ಹಾಗಲ್ಲ. ಗಾಳಿ ಒದ್ದೆ ಪ್ಯಾಡಿನ ಮೂಲಕ ಹಾಯುವಾಗ ನೀರು ಆರಿ ಗಾಳಿಗೆ ಸೇರುತ್ತದೆ. ಆರುವುದಕ್ಕೆ ನೀರಿಗೆ ಬಿಸಿ ಬೇಕು. ಆ ಬಿಸಿಯನ್ನು ಅದು ಗಾಳಿಯಿಂದಲೇ ಕಿತ್ತುಕೊಳ್ಳುತ್ತದೆ, ಗಾಳಿ ತಂಪಾಗುತ್ತದೆ. ಮಣ್ಣಿನ ಹೂಜಿಯಲ್ಲಿ ನೀರು ತಣ್ಣಗಾಗುವುದೂ, ಲಾವಂಚದ ತಟ್ಟಿಗೆ ನೀರು ಚಿಮುಕಿಸಿ ಬಾಗಿಲಿಗೆ ಕಟ್ಟುತ್ತಿದ್ದುದೂ ಇದೇ ಲೆಕ್ಕದಲ್ಲಿ. ಹೂಜಿಯನ್ನು ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಕಟ್ಟಿಟ್ಟರೆ ನೀರು ತಣ್ಣಗಾಗುತ್ತದಾ? ಇಲ್ಲ. ಕಿಟಕಿ ಮುಚ್ಚಿ ಕೂಲರ್ ಹಾಕಿದಾಗ ಆಗುವುದು ಅದೇ. ಒಳಗಿನ ಗಾಳಿ ನೀರು ಕುಡಿದು ಕುಡಿದು ತುಂಬಿಹೋಗುತ್ತದೆ. ಆಮೇಲೆ ಪ್ಯಾಡಿನ ನೀರು ಆರುವುದಿಲ್ಲ, ನಿಮ್ಮ ಮೈ ಬೆವರೂ ಆರುವುದಿಲ್ಲ.

ಹಾಗಾದರೆ ಹೊರಗಿನ ಬಿಸಿಗಾಳಿ? ಅದು ನೇರವಾಗಿ ಒಳಗೆ ಬರುವುದಿಲ್ಲ, ಪ್ಯಾಡ್ ದಾಟಿಕೊಂಡು ತಂಪಾಗಿ ಬರುತ್ತದೆ. ಕೂಲರ್ ಒಳಗೆ ತಳ್ಳಿದಷ್ಟು ಗಾಳಿ ಎದುರು ಕಿಟಕಿಯಿಂದ ಹೊರಗೆ ಹೋಗುತ್ತಿರುತ್ತದೆ. ಹೊರಗೆ ಹೋಗುವ ಗಾಳಿ ಇರುವ ಕಿಟಕಿಯಿಂದ ಬಿಸಿ ಒಳಗೆ ನುಗ್ಗುವುದು ಕಷ್ಟ. ಎಷ್ಟು ತೆರೆಯಬೇಕು ಅಂತ ಕೇಳುತ್ತಾರೆ. ಸಾಧಾರಣ ಕೋಣೆಗೆ ಒಂದೂವರೆ ಎರಡು ಚದರಡಿಯಷ್ಟು ತೆರಪು ಇದ್ದರೆ ಸಾಕು. ಕೋಣೆ ನೋಡದೆ ಇದಕ್ಕಿಂತ ಖಚಿತವಾಗಿ ಹೇಳಲಾರೆ. ತೆರೆದ ಎದುರು ಕಿಟಕಿಗೆ ಒಂದು ಟಿಶ್ಯೂ ಹಾಳೆ ಹಿಡಿದು ನೋಡಿ. ಗಾಳಿ ಅದನ್ನು ಹೊರಗಡೆಗೆ ತಳ್ಳುತ್ತಿದ್ದರೆ ಸರಿ ಇದೆ.

ಇನ್ನು ಕೆಲವರು ಟ್ಯಾಂಕಿಗೆ ಐಸ್ ಹಾಕುತ್ತಾರೆ. ಒಂದು ಕಿಲೋ ಐಸ್ ಕರಗುವಾಗ ಸುಮಾರು 80 ಕಿಲೋಕ್ಯಾಲರಿ ಬಿಸಿ ಎಳೆದುಕೊಳ್ಳುತ್ತದೆ. ಒಂದು ಲೀಟರ್ ನೀರು ಆರಿಹೋಗುವಾಗ ಎಳೆದುಕೊಳ್ಳುವುದು ಸುಮಾರು 580. ಏಳು ಪಟ್ಟು ಜಾಸ್ತಿ. ಕೂಲರಿನ ಶಕ್ತಿ ಇರುವುದು ನೀರಿನ ತಣುಪಿನಲ್ಲಲ್ಲ, ನೀರು ಆರುವುದರಲ್ಲಿ. ಗಂಟೆಗೆ ಐದು ಲೀಟರ್ ನೀರು ಆರಿದರೆ ಅದು ಹೆಚ್ಚುಕಡಿಮೆ ಒಂದು ಟನ್ ಎಸಿ ಮಾಡುವಷ್ಟು ಕೆಲಸ. ಅದೂ ಇನ್ನೂರು ವ್ಯಾಟ್ ಆಸುಪಾಸಿನ ಕರೆಂಟಿನಲ್ಲಿ. ಕೂಲರನ್ನು ನಾನು ಗೌರವದಿಂದಲೇ ನೋಡುತ್ತೇನೆ. ಆದರೆ ಆ ಐದು ಲೀಟರ್ ಆರಬೇಕಾದರೆ ಗಾಳಿಗೆ ಬಾಯಾರಿಕೆ ಇರಬೇಕು.

ಕಷ್ಟ ಶುರುವಾಗುವುದು ಇಲ್ಲೇ. ನಮ್ಮವರ ಮಕ್ಕಳು ರಾಯಚೂರಿನ ಶಕ್ತಿನಗರದಲ್ಲೋ, ಬಳ್ಳಾರಿಯ ತೋರಣಗಲ್ಲಿನಲ್ಲೋ, ಕಲಬುರಗಿಯಲ್ಲೋ ಕೆಲಸಕ್ಕಿರುತ್ತಾರೆ. ಬೇಸಿಗೆ ರಜೆಗೆ ಅಲ್ಲಿಗೆ ಹೋದ ಅಪ್ಪ ಅಮ್ಮ ಕೂಲರಿನ ತಂಪು ನೋಡಿ ಬೆರಗಾಗುತ್ತಾರೆ. ಊರಿಗೆ ಬಂದು ಅದೇ ಕಂಪನಿಯದ್ದು, ಅದಕ್ಕಿಂತ ಒಂದು ಸೈಜ್ ದೊಡ್ಡದು, ಇನ್ನೂ ಬೆಲೆಬಾಳುವಂಥದ್ದನ್ನು ಕೊಳ್ಳುತ್ತಾರೆ. ಮಷೀನ್ ತಂದಿರಿ, ಸರಿ. ಅಲ್ಲಿನ ಗಾಳಿಯನ್ನು ತರಲಿಕ್ಕೆ ಆಗುತ್ತದಾ?

ತೀರ್ಥಹಳ್ಳಿ ಕಡೆಯ ಒಬ್ಬ ತೋಟದವರು ಹೀಗೇ ತಂದಿದ್ದರು. ಜೂನ್ ತಿಂಗಳು, ಮಳೆ ಹಿಡಿದಿತ್ತು. ಫ್ರಿಜ್ ರಿಪೇರಿಗೆ ಹೋಗಿದ್ದ ನನಗೆ ಕೂಲರ್ ತೋರಿಸಿ ಹೊಗಳಿದರು. "ಬಾರೀ ಒಳ್ಳೇ ಮಾಲು ಮಾರಾಯ. ಬೆಳಿಗ್ಗೆ ತುಂಬಿಸಿದ ನೀರು ಸಂಜೆಗೂ ಹಾಗೇ ಇರ್ತದೆ. ನೀರೇ ಬೇಡ ಇದಕ್ಕೆ." ನೀರು ಕಮ್ಮಿಯಾಗಿಲ್ಲ ಅಂದರೆ ಬಿಸಿಯೂ ಕಮ್ಮಿಯಾಗಿಲ್ಲ ಅಂತ ನಾನು ಹೇಳಿದ್ದು ಅವರಿಗೆ ಹಿಡಿಸಲಿಲ್ಲ. ಆಮೇಲೆ ಕೇಳಿದೆ, "ಮೋಡ ಕವಿದಾಗ ಬೇಯಿಸಿದ ಅಡಿಕೆ ಚಪ್ಪರದ ಮೇಲೆ ಒಣಗ್ತದಾ?" ಅವರು ಒಂದು ಕ್ಷಣ ಸುಮ್ಮನಿದ್ದರು. "ಒಣಗದಿಲ್ಲ. ಹೌದಲ್ಲ ಮಾರಾಯ!" ಅಡಿಕೆ ಬೆಳೆಯುವವರಿಗೆ ಇದಕ್ಕಿಂತ ಹೆಚ್ಚು ಹೇಳಬೇಕಾಗಿಲ್ಲ. ಬೇರೆಯವರು ಬಟ್ಟೆ ಹಗ್ಗ ನೋಡಿ. ನೆರಳಿನಲ್ಲಿ ಹಾಕಿದ ಪಂಚೆ ಒಂದು ಗಂಟೆಯೊಳಗೆ ಗರಿಗರಿ ಒಣಗಿದರೆ ಆ ಹೊತ್ತಿಗೆ ಕೂಲರ್ ನಡೆಯುತ್ತದೆ. ಸಂಜೆಯಾದರೂ ಹಸಿಹಸಿ ಇದ್ದರೆ ನಡೆಯುವುದಿಲ್ಲ.

ಸ್ವಲ್ಪ ಲೆಕ್ಕ ಬೇಕು ಅನ್ನುವವರಿಗೆ ಒಂದು ಪರೀಕ್ಷೆ ಇದೆ. ಗೋಡೆಗೆ ನೇತುಹಾಕುವ ಸಾದಾ ಥರ್ಮಾಮೀಟರ್ ಎರಡು ತನ್ನಿ, ಜ್ವರ ನೋಡುವುದಲ್ಲ. ಒಂದರ ಬುಡಕ್ಕೆ ಹಳೆಯ ಹತ್ತಿ ಪಂಚೆಯ ತುಂಡು ಸುತ್ತಿ, ನೆನೆಸಿ, ಎರಡನ್ನೂ ಫ್ಯಾನಿನ ಗಾಳಿಗೆ ಹಿಡಿಯಿರಿ. ಒದ್ದೆ ಕಡ್ಡಿಯ ಅಂಕಿ ಇಳಿಯುತ್ತಾ ಹೋಗಿ ಒಂದು ಕಡೆ ನಿಲ್ಲುತ್ತದೆ. ನಿಮ್ಮ ಮನೆಗೆ ಹಾಕುವ ಮಾಮೂಲಿ ಕೂಲರ್, ಎಷ್ಟೇ ದುಡ್ಡಿನದ್ದಾಗಲಿ, ಆ ಅಂಕಿಗಿಂತ ಕೆಳಗೆ ತಂಪು ಮಾಡಲಾರದು. ಒಣ ಕಡ್ಡಿಗೂ ಒದ್ದೆ ಕಡ್ಡಿಗೂ ಇರುವ ವ್ಯತ್ಯಾಸದಲ್ಲಿ ಒಳ್ಳೆಯ ಪ್ಯಾಡ್ ಇರುವ ಕೂಲರ್ ನೂರಕ್ಕೆ 80ರಷ್ಟು ಇಳಿಸುತ್ತದೆ.

ರಾಯಚೂರಿನ ಮೇ ತಿಂಗಳ ಮಧ್ಯಾಹ್ನ 42 ಡಿಗ್ರಿ, ಗಾಳಿಯ ತೇವ ನೂರಕ್ಕೆ 20 ಅಂದುಕೊಳ್ಳಿ. ಒದ್ದೆ ಕಡ್ಡಿ ಸುಮಾರು 24ಕ್ಕೆ ನಿಲ್ಲುತ್ತದೆ. ಕೂಲರಿನಿಂದ 28 ಡಿಗ್ರಿಯ ಗಾಳಿ ಬರುತ್ತದೆ. 14 ಡಿಗ್ರಿ ಇಳಿಯಿತು. ಅದು ಜೀವ ಉಳಿಸುವ ತಂಪು. ನಮ್ಮಲ್ಲಿ ಮಳೆಗೆ ಮುಂಚೆ, ಮೋಡ ಕಟ್ಟಿದ ದಿನ 34 ಡಿಗ್ರಿ, ತೇವ 55 ಅಂದುಕೊಳ್ಳಿ. ಒದ್ದೆ ಕಡ್ಡಿ 27ರ ಹತ್ತಿರ ನಿಲ್ಲುತ್ತದೆ. ಕೂಲರಿನಿಂದ ಇಲ್ಲೂ 28 ಡಿಗ್ರಿಯೇ ಬರುತ್ತದೆ! ಆದರೆ ಇಳಿದಿದ್ದು ಆರೇ ಡಿಗ್ರಿ, ಮತ್ತು ಆ ಗಾಳಿ ನೀರಿನಿಂದ ತುಂಬಿದೆ. ಮೈ ಅಂಟುತ್ತದೆ. ವ್ಯತ್ಯಾಸ ಹತ್ತು ಡಿಗ್ರಿಗಿಂತ ಜಾಸ್ತಿ ಇದ್ದರೆ ಕೂಲರ್ ತಗೊಳ್ಳಿ, ಐದಕ್ಕಿಂತ ಕಮ್ಮಿ ಇದ್ದರೆ ಬೇಡವೇ ಬೇಡ ಅನ್ನುವುದು ನನ್ನ ಕೆಲಸದ ಲೆಕ್ಕ. ಮಧ್ಯದಲ್ಲಿದ್ದರೆ ಯೋಚನೆ ಮಾಡಬೇಕು.

ಶಿವಮೊಗ್ಗ ನಗರ ಈ ಮಧ್ಯದಲ್ಲೇ ಇದೆ. ಫೆಬ್ರವರಿ ಕೊನೆಯಿಂದ ಏಪ್ರಿಲ್‌ವರೆಗೆ ಮಧ್ಯಾಹ್ನದ ಗಾಳಿ ಸಾಕಷ್ಟು ಒಣಗಿರುತ್ತದೆ, ಕೂಲರ್ ಚೆನ್ನಾಗಿ ಕೆಲಸ ಮಾಡುತ್ತದೆ. ರಾತ್ರಿ ತೇವ ಏರುತ್ತದೆ. ಮೇಷ್ಟ್ರೂ ಅವತ್ತು ರಾತ್ರಿ ಹತ್ತಕ್ಕೆ ಫೋನ್ ಮಾಡಿದ್ದರು, "ಮಧ್ಯಾಹ್ನ ಚೆನ್ನಾಗಿತ್ತು ಕಣಪ್ಪ, ಈಗ ಮತ್ತೆ ಅಂಟು ಅಂಟು." ಪಂಪ್ ಆಫ್ ಮಾಡಿ ಬರೀ ಫ್ಯಾನ್ ಬಿಡಿ, ಹೊರಗಿನ ಗಾಳಿ ತಂಪಾಗಿದೆ, ಅದನ್ನೇ ಒಳಗೆ ಎಳೆಯಲಿ ಅಂದೆ. ಹೊಸನಗರ, ತೀರ್ಥಹಳ್ಳಿ, ಆಗುಂಬೆ ಕಡೆಗೆ ಹೋದಂತೆ ಕೂಲರಿನ ದಿನಗಳು ಕಮ್ಮಿಯಾಗುತ್ತವೆ.

ಇನ್ನೊಂದು ತಪ್ಪು ಈಗೀಗ ನೋಡುತ್ತಿದ್ದೇನೆ. ಒಂದೇ ಕೋಣೆಯಲ್ಲಿ ಎಸಿಯನ್ನೂ ಕೂಲರನ್ನೂ ಒಟ್ಟಿಗೆ ಹಾಕುವುದು. ಕೂಲರ್ ಗಾಳಿಗೆ ತುಂಬಿದ ನೀರನ್ನು ಎಸಿ ಹಿಂಡಿ ಹೊರಗೆ ಬಿಡಬೇಕು. ಕರೆಂಟ್ ಬಿಲ್ ಏರುತ್ತದೆ, ತಂಪು ಏರುವುದಿಲ್ಲ.

ಒಣ ಊರಿನಲ್ಲಿರುವ ಮಗಳಿಗೋ ಮಗನಿಗೋ ಕೂಲರ್ ಕೊಡಿಸುವವರಿಗೆ ಒಂದೆರಡು ಮಾತು. ದುಡ್ಡು ಹಾಕಬೇಕಾದದ್ದು ಪ್ಯಾಡಿಗೆ. ದಪ್ಪ, ಅಗಲದ ಹನಿಕಾಂಬ್ ಪ್ಯಾಡ್ (ಜೇನುಗೂಡಿನ ಥರದ್ದು) ಇರಲಿ, ಪೂರ್ತಿ ಸಮನಾಗಿ ನೆನೆಯುತ್ತದಾ ಅಂತ ಅಂಗಡಿಯಲ್ಲೇ ನೀರು ಹಾಕಿಸಿ ನೋಡಿ. ರಿಮೋಟು, ಬಣ್ಣದ ಲೈಟು, ಅಂಕಿ ತೋರಿಸುವ ಪರದೆ ಇವು ತಂಪು ಕೊಡುವುದಿಲ್ಲ. ಗಾಳಿಯ ಲೆಕ್ಕ ಡಬ್ಬಿಯ ಮೇಲೆ ಸಿಎಂಎಚ್ ಅಂತ ಇರುತ್ತದೆ, ಅಂದರೆ ಗಂಟೆಗೆ ಎಷ್ಟು ಘನ ಮೀಟರ್ ಗಾಳಿ ತಳ್ಳುತ್ತದೆ ಅಂತ. 12 ಅಡಿ ಉದ್ದ, 12 ಅಗಲ, 10 ಎತ್ತರದ ಕೋಣೆಯಲ್ಲಿ ಸುಮಾರು 40 ಘನ ಮೀಟರ್ ಗಾಳಿ ಇರುತ್ತದೆ. ಎರಡು ನಿಮಿಷಕ್ಕೊಮ್ಮೆ ಅದು ಪೂರ್ತಿ ಬದಲಾಗಬೇಕಾದರೆ ಗಂಟೆಗೆ 1,200 ಘನ ಮೀಟರ್ ಬೇಕು. ಆ ಕಡೆಯ ಬೋರ್‌ವೆಲ್ ನೀರು ಗಡಸು, ಪ್ಯಾಡಿನ ಮೇಲೆ ಬಿಳಿ ಪೊರೆ ಕಟ್ಟುತ್ತದೆ. ಹಾಗಾಗಿ ಟ್ಯಾಂಕಿನ ನೀರನ್ನು ಆಗಾಗ ಪೂರ್ತಿ ಹೊರಗೆ ಬಿಡಬೇಕು, ಬರೀ ಮೇಲಿಂದ ತುಂಬಿಸುತ್ತಾ ಹೋಗಬಾರದು. ಎರಡು ಹಂತದ ಕೂಲರ್ ಅಂತಲೂ ಸಿಗುತ್ತವೆ. ಮೊದಲ ಹಂತದಲ್ಲಿ ಗಾಳಿಗೆ ನೀರು ಸೇರಿಸದೆ ತಂಪು ಮಾಡುತ್ತವೆ. ಒಳ್ಳೆಯವೇ, ಆದರೆ ಹತ್ತಿರದಲ್ಲಿ ರಿಪೇರಿ ಮಾಡುವವರು ಇದ್ದಾರಾ ಅಂತ ಮೊದಲು ವಿಚಾರಿಸಿ.

ಮಲೆನಾಡಿನ ಮನೆಗೆ ಏನು? ಹೆಂಚಿನ ಮನೆಯಾದರೆ ಎಸಿ ಹಾಕಬೇಡಿ ಅಂತಲೇ ಹೇಳುತ್ತೇನೆ. ಹೆಂಚಿನ ಸಂದಿಯಿಂದ ತಂಪೆಲ್ಲ ಹೋಗುತ್ತದೆ. ಕೆಳಗೆ ಮರದ ಮುಚ್ಚಿಗೆ ಬಿಗಿಯಾಗಿದ್ದರೆ ಮಾತ್ರ ಆ ಒಂದು ಕೋಣೆಗೆ ಯೋಚಿಸಬಹುದು. ಅದೇ ಸಂದಿಗಳು ಕೂಲರಿಗೆ ಅನುಕೂಲ. ತಾರಸಿ ಮನೆಯ ಮೇಲಿನ ಮಹಡಿಯಾದರೆ ಮೊದಲು ತಾರಸಿಗೆ ಬಿಳಿ ಬಣ್ಣ ಹೊಡೆಸಿ, ಒಂದು ಬೇಸಿಗೆ ನೋಡಿ. ಆಮೇಲೂ ಬೇಕು ಅನಿಸಿದರೆ ಎಸಿ ಹಾಕಿಸಿ, 24ರಲ್ಲಿ ಇಟ್ಟು ಮೇಲೆ ಫ್ಯಾನ್ ತಿರುಗಿಸಿ. ಸೆಕೆಗಿಂತ ಅಂಟೇ ಜಾಸ್ತಿ ಇರುವ ದಿನ ಎಸಿಯ ಡ್ರೈ ಮೋಡ್ (ಗಾಳಿಯ ತೇವ ತೆಗೆಯುವುದು) ಸಾಕು. ಮನೆಯಲ್ಲಿ ಉಬ್ಬಸದವರಿದ್ದರೆ ಯಾವುದನ್ನೇ ಕೊಳ್ಳುವ ಮೊದಲು ಡಾಕ್ಟರನ್ನು ಕೇಳಿ, ಆ ವಿಷಯ ನನ್ನದಲ್ಲ.

ಕೂಲರ್ ಇರುವವರು ವಾರಕ್ಕೊಮ್ಮೆ ಟ್ಯಾಂಕ್ ಖಾಲಿ ಮಾಡಿ, ಒಳಗೋಡೆ ಉಜ್ಜಿ ತೊಳೆದು, ಒಣಗಿಸಿ. ಡೆಂಗಿ ಹರಡುವ ಸೊಳ್ಳೆ ಇಂಥ ನಿಂತ ನೀರಿನಲ್ಲೇ ಮೊಟ್ಟೆ ಇಡುತ್ತದೆ. ಮೊಟ್ಟೆ ಗೋಡೆಗೆ ಅಂಟಿಕೊಂಡು ಒಣಗಿದರೂ ಸಾಯುವುದಿಲ್ಲ, ತಿಂಗಳುಗಟ್ಟಲೆ ಇದ್ದು ನೀರು ಬಂದಾಗ ಒಡೆಯುತ್ತದೆ. ಅದಕ್ಕೇ ಉಜ್ಜಲೇಬೇಕು.

ಮೇಷ್ಟ್ರ ಮನೆಯಲ್ಲಿ ಈಗ ಕ್ಯಾಲೆಂಡರ್ ಪಕ್ಕ ಎರಡು ಥರ್ಮಾಮೀಟರ್ ನೇತಾಡುತ್ತಿವೆ. ದಿನಾ ಮೂರು ಗಂಟೆಗೂ ಹತ್ತು ಗಂಟೆಗೂ ಎರಡರ ಅಂಕಿಯನ್ನು ಕ್ಯಾಲೆಂಡರಿನ ಮನೆಯಲ್ಲಿ ಪೆನ್ಸಿಲಿನಿಂದ ಬರೆಯುತ್ತಾರೆ. ಮೊದಲ ಮಳೆ ಬಿದ್ದ ಸಂಜೆ ಅವರಿಂದ ಫೋನ್ ಬಂತು. "ಇವತ್ತು ಮೂರೇ ಡಿಗ್ರಿ ವ್ಯತ್ಯಾಸ ಕಣಪ್ಪ. ಪಂಪ್ ಹಾಕಿಲ್ಲ. ಕಿಟಕಿ ಎಲ್ಲಾ ತೆಗೆದಿದ್ದೀವಿ."